‘ಎಲಿಜಬೆತ್ ಈಸ್ ಮಿಸ್ಸಿಂಗ್’: ಮೌಡ್ ಅಜ್ಜಿಯನ್ನು ನೋಡಿ ನಕ್ಕದ್ದು ತಪ್ಪೇ?

ಗುಬ್ಬಿಮನೆ | ಶನಿವಾರ, ರಾತ್ರಿ 10.15

ಎಮ್ಮಾ ಹೀಲಿ ಬರೆದ ‘ಎಲಿಜಬೆತ್ ಈಸ್ ಮಿಸ್ಸಿಂಗ್’ ಓದಿ ಮುಗಿಸಿ ಎರಡು ದಿನವಾಯಿತು. ಒಂದು ವಿಷಯ ಮನಸ್ಸನ್ನು ಕೊರೆಯುತ್ತಿದೆ, ಇಲ್ಲಿ ಕೇಳಿಬಿಡುತ್ತೇನೆ.

ಓದದವರಿಗಾಗಿ ನಾಲ್ಕು ಮಾತು. 2014ರಲ್ಲಿ ಬಂದ ಕಾದಂಬರಿ, ಲೇಖಕಿಯ ಮೊದಲನೆಯದು. ಇಂಗ್ಲೆಂಡಿನ ಸಮುದ್ರತೀರದ ಒಂದು ಊರಿನ ಬಡಾವಣೆ: ಮನೆಗೊಂದು ಕೈತೋಟ, ಹತ್ತಿರದಲ್ಲೊಂದು ಅಂಗಡಿ, ನಮಸ್ಕಾರ ಹೇಳಿ ಬಾಗಿಲು ಹಾಕಿಕೊಳ್ಳುವ ನೆರೆಹೊರೆ. ಅಲ್ಲಿ ಎಂಬತ್ತು ದಾಟಿದ ಮೌಡ್ ಒಬ್ಬಳೇ ಇದ್ದಾಳೆ. ಮರೆವು ದಿನದಿನಕ್ಕೂ ಹೆಚ್ಚುತ್ತಿದೆ. ಜೇಬಿನಲ್ಲಿ, ಕೈಚೀಲದಲ್ಲಿ, ಮೇಜಿನ ಮೇಲೆ ಎಲ್ಲೆಲ್ಲೂ ಅವಳೇ ಬರೆದಿಟ್ಟುಕೊಂಡ ಚೀಟಿಗಳು. ಅವಳ ಗೆಳತಿ ಎಲಿಜಬೆತ್ ಕಾಣುತ್ತಿಲ್ಲ, ಅಥವಾ ಹಾಗೆಂದು ಮೌಡ್ ಹೇಳುತ್ತಾಳೆ. ಮಗಳು ಹೆಲನ್‌ಗೆ ಹೇಳುತ್ತಾಳೆ, ಬೆಳಿಗ್ಗೆ ಬಂದು ಹೋಗುವ ಆರೈಕೆಯವಳಿಗೆ ಹೇಳುತ್ತಾಳೆ, ಪೊಲೀಸ್ ಠಾಣೆಗೆ ಹೋಗಿ ದೂರು ಕೊಡುತ್ತಾಳೆ, ಕೊಟ್ಟದ್ದನ್ನು ಮರೆತು ಮತ್ತೆ ಹೋಗಿ ಅದೇ ದೂರು ಕೊಡುತ್ತಾಳೆ. ನಡುನಡುವೆ 1946ರ ಕಥೆಯೊಂದು ಬರುತ್ತದೆ. ಆಗ ಅವಳ ಅಕ್ಕ ಸೂಕಿ ಒಂದು ದಿನ ಇದ್ದಕ್ಕಿದ್ದಂತೆ ಇಲ್ಲವಾದಳು. ಆ ಕಥೆ ಹೇಳುವಾಗ ಮಾತ್ರ ಮೌಡ್‌ಗೆ ಒಂದು ಎಳೆಯೂ ತಪ್ಪುವುದಿಲ್ಲ.

ಠಾಣೆಯ ಪ್ರಸಂಗ ಓದುವಾಗ ನಾನು ಬಸ್ಸಿನಲ್ಲಿದ್ದೆ. ಪಕ್ಕದ ಸೀಟಿನವರು ತಿರುಗಿ ನೋಡುವಷ್ಟು ಜೋರಾಗಿ ನಕ್ಕೆ. ಮನೆಗೆ ಬಂದರೆ ನಮ್ಮ ಅಜ್ಜಿ (ತೊಂಬತ್ತರ ಹತ್ತಿರ) ಬಾಗಿಲಲ್ಲೇ ನಿಂತು ‘ಗೌರಿ ಬಂದಳೇ?’ ಎಂದು ಕೇಳಿದರು. ದಿನಕ್ಕೆ ಇಪ್ಪತ್ತು ಸಲ ಕೇಳುತ್ತಾರೆ. ‘ಬರುತ್ತಾಳೆ ಅಜ್ಜಿ’ ಎಂದು ಚಪ್ಪಲಿ ಬಿಟ್ಟು ಒಳಗೆ ಹೋದೆ. ಕೈಕಾಲು ತೊಳೆಯುವಾಗ ಬಸ್ಸಿನಲ್ಲಿ ನಕ್ಕದ್ದು ನೆನಪಾಗಿ ಮೈ ಹಿಡಿಯಾಯಿತು.

ಕೇಳುವುದು ಇಷ್ಟೇ: ಈ ಪುಸ್ತಕ ಓದುತ್ತಾ ನೀವು ನಕ್ಕಿರಾ? ನಕ್ಕಿದ್ದರೆ ಏನನ್ನಿಸಿತು? ಕೊನೆಯನ್ನು ಹೇಳುವವರು ದಯವಿಟ್ಟು ಮೊದಲೇ ಎಚ್ಚರಿಸಿ.

ಕಾಫಿ_ಬಟ್ಟಲು | ಶನಿವಾರ, ರಾತ್ರಿ 10.52

ನಕ್ಕೆ, ನಾಚಿಕೆಯೂ ಪಡಲಿಲ್ಲ. ಪೀಚ್ ಹಣ್ಣಿನ ಡಬ್ಬಿಗಳನ್ನು ನೆನಪಿಸಿಕೊಳ್ಳಿ. ಕಪಾಟಿನ ತುಂಬ ಡಬ್ಬಿಗಳಿವೆ, ಇನ್ನು ತರಬೇಡ ಎಂದು ಚೀಟಿಯೂ ಇದೆ. ಆದರೂ ಅಂಗಡಿಗೆ ಹೋದವಳು ಬಂದದ್ದು ಯಾಕೆಂದು ಮರೆತು, ಬರಿಗೈಯಲ್ಲಿ ಹಿಂತಿರುಗುವುದು ಹೇಗೆ ಎಂಬ ಮರ್ಯಾದೆಗೆ ಇನ್ನೊಂದು ಡಬ್ಬಿ ತರುತ್ತಾಳೆ. ಮಾಲ್‌ಗೆ ಹೋಗಿ ಬೇಡದ ಬಕೆಟ್ ಹೊತ್ತು ತರುವ ನನಗೂ ಅವಳಿಗೂ ಎಷ್ಟು ದೂರ? ಚೀಟಿ ಬರೆದುಕೊಳ್ಳುವಷ್ಟು ಜಾಣತನವೂ ನನಗಿಲ್ಲ.

ಆರೈಕೆಗೆ ಬರುವ ಕಾರ್ಲಾ ನನಗೆ ಬಹಳ ಇಷ್ಟ. ಮುದುಕರನ್ನು ಹೊಡೆದು ದೋಚಿದ ಸುದ್ದಿಗಳನ್ನೆಲ್ಲ ಬಂದ ಕೂಡಲೇ ಒಪ್ಪಿಸಿ, ಅಜ್ಜಿಯ ಎದೆ ನಡುಗಿಸಿ, ಬಾಗಿಲು ಎಳೆದುಕೊಂಡು ಹೋಗುತ್ತಾಳೆ. ಅಂಥವರು ಪ್ರತಿ ಬೀದಿಯಲ್ಲೂ ಇದ್ದಾರೆ. ನಮ್ಮ ಬೀದಿಯಲ್ಲಿ ಹಾಲು ಹಾಕುವವರು.

ಸುಳಿವುಗಾರ | ಭಾನುವಾರ, ಬೆಳಿಗ್ಗೆ 7.30

ನಾನು ನಗಲಿಲ್ಲ. ಅನುಕಂಪದಿಂದಲ್ಲ, ಸಿಟ್ಟಿನಿಂದ. ಪತ್ತೇದಾರಿ ಕಾದಂಬರಿ ಎಂದು ಯಾರೋ ಹೇಳಿದ್ದನ್ನು ನಂಬಿ ಕೊಂಡೆ. ರೊನಾಲ್ಡ್ ನಾಕ್ಸ್ ಎಂಬ ಪಾದ್ರಿ 1929ರಲ್ಲಿ ಪತ್ತೇದಾರಿ ಕಥೆಗೆ ಹತ್ತು ಕಟ್ಟಳೆಗಳನ್ನು ಬರೆದ. ಪತ್ತೇದಾರನಿಗೆ ಸಿಕ್ಕ ಸುಳಿವನ್ನು ಆಗಿಂದಾಗಲೇ ಓದುಗನ ಮುಂದೆ ಇಡಬೇಕು ಎಂಬುದು ಅದರಲ್ಲೊಂದು. ಇಲ್ಲಿ ಪತ್ತೇದಾರಳಿಗೇ ತಾನು ಏನನ್ನು ಹುಡುಕುತ್ತಿದ್ದೇನೆಂದು ಹತ್ತು ನಿಮಿಷ ನೆನಪಿರುವುದಿಲ್ಲ. ಎಲಿಜಬೆತ್ ಎಲ್ಲಿದ್ದಾಳೆಂದು ಹೆಲನ್‌ಗೆ ಗೊತ್ತು, ಎಲಿಜಬೆತ್‌ಳ ಮಗ ಪೀಟರ್‌ಗೆ ಗೊತ್ತು, ಓದುಗನಿಗೂ ಸ್ವಲ್ಪ ಹೊತ್ತಿಗೇ ಊಹೆ ಹತ್ತುತ್ತದೆ. ಗೊತ್ತಿಲ್ಲದಿರುವುದು ಅಜ್ಜಿಗೆ ಮಾತ್ರ. ಕಂಕುಳಲ್ಲಿ ಕೂಸನ್ನಿಟ್ಟುಕೊಂಡು ಊರೆಲ್ಲ ಹುಡುಕುವುದು ರಹಸ್ಯವೇ? ಹಾಡಿದ್ದೇ ಹಾಡುವ ಕಿಸುಬಾಯಿದಾಸನನ್ನು ಮುನ್ನೂರು ಪುಟ ಕೇಳಲು ನನ್ನಿಂದಾಗಲಿಲ್ಲ. ಅರ್ಧಕ್ಕೆ ನಿಲ್ಲಿಸಿದ್ದೇನೆ.

ಕಾಫಿ_ಬಟ್ಟಲು | ಭಾನುವಾರ, ಬೆಳಿಗ್ಗೆ 7.41

ಅರ್ಧ ಓದಿ ತೀರ್ಪು ಕೊಡುವ ಪತ್ತೇದಾರನಿಗೆ ನಾಕ್ಸ್ ಯಾವ ಕಟ್ಟಳೆ ಬರೆದಿದ್ದಾನೆ, ಸರ್?

ತುಂಗಾತೀರ | ಭಾನುವಾರ, ಮಧ್ಯಾಹ್ನ 12.20

ನಿವೃತ್ತ ಇತಿಹಾಸ ಮೇಷ್ಟ್ರು ಮೂಗು ತೂರಿಸುತ್ತಿದ್ದೇನೆ, ಕ್ಷಮೆ ಇರಲಿ.

ಎಲ್ಲರೂ ಪೀಚ್ ಡಬ್ಬಿಗೆ, ಟೋಸ್ಟ್‌ಗೆ ನಗುತ್ತಿದ್ದೀರಿ. ಮೌಡ್ ಸಿಕ್ಕಾಪಟ್ಟೆ ಟೋಸ್ಟ್ ತಿನ್ನುತ್ತಾಳೆ, ತಿಂದದ್ದು ಮರೆತು ಮತ್ತೆ ಸುಟ್ಟುಕೊಳ್ಳುತ್ತಾಳೆ. ಸರಿ, ಮರೆವು. ಆದರೆ ಮರೆವಿನಲ್ಲಿ ಅನ್ನ, ಮೀನು, ಚಾಕಲೇಟ್ ಯಾವುದನ್ನಾದರೂ ಕೈ ಹುಡುಕಬಹುದಿತ್ತು. ಬ್ರೆಡ್ಡೇ ಯಾಕೆ? ಡಬ್ಬಿಯ ಹಣ್ಣೇ ಯಾಕೆ?

ಬ್ರಿಟನ್ನಿನಲ್ಲಿ ಯುದ್ಧ ನಡೆಯುತ್ತಿದ್ದ ಆರು ವರ್ಷವೂ ಬ್ರೆಡ್‌ಗೆ ಪಡಿತರ ಇರಲಿಲ್ಲ. ಬಂದದ್ದು ಯುದ್ಧ ಗೆದ್ದ ಮೇಲೆ, 1946ರ ಜುಲೈ 21ರಂದು, ಮುಗಿದದ್ದು 1948ರ ಜುಲೈನಲ್ಲಿ. ಗೆದ್ದ ದೇಶದ ಜನ ಬ್ರೆಡ್ಡಿಗೆ ಚೀಟಿ ಹಿಡಿದು ನಿಂತರು. ಡಬ್ಬಿಯ ಹಣ್ಣು ‘ಪಾಯಿಂಟ್’ ಪದ್ಧತಿಗೆ ಸೇರಿತ್ತು. ತಿಂಗಳಿಗೆ ಇಷ್ಟು ಪಾಯಿಂಟ್ ಎಂದು ಕೊಡುತ್ತಿದ್ದರು, ಅದನ್ನು ಮೀನಿನ ಡಬ್ಬಿಗೆ ಖರ್ಚು ಮಾಡುತ್ತೀರೋ ಹಣ್ಣಿನ ಡಬ್ಬಿಗೋ ನಿಮಗೆ ಬಿಟ್ಟದ್ದು. ಪಾಯಿಂಟ್ ಪದ್ಧತಿ 1950ರವರೆಗೆ ಇತ್ತು, ಪಡಿತರದ ಕಾಟ ಪೂರ್ತಿ ತೊಲಗಿದ್ದು 1954ರಲ್ಲಿ. ಸೂಕಿ ಕಾಣೆಯಾಗುವುದು ಯಾವ ವರ್ಷ? 1946. ಅವಳ ಗಂಡ ಫ್ರಾಂಕ್ ಎಲ್ಲರಿಗೂ ಬೇಕಾದವನಾಗಿದ್ದದ್ದು ಹೇಗೆ? ಕಾಳಸಂತೆಯ ಸಾಮಾನು ತಂದುಕೊಟ್ಟು. ಆ ಮನೆಯಲ್ಲಿ ಪ್ರೀತಿ, ಅನುಮಾನ, ಋಣ ಎಲ್ಲವೂ ತಿನ್ನುವ ಪದಾರ್ಥದ ಮೂಲಕವೇ ಓಡಾಡುತ್ತಿತ್ತು.

ಇನ್ನೊಂದು. ಅದೇ ವರ್ಷದ ಬೇಸಿಗೆಯಲ್ಲಿ ನೆವಿಲ್ ಹೀತ್ ಎಂಬವನು ಇಬ್ಬರು ಯುವತಿಯರನ್ನು ಕೊಂದ. ಎರಡನೆಯ ಕೊಲೆ ನಡೆದದ್ದು ದಕ್ಷಿಣ ಕರಾವಳಿಯ ಬೋರ್ನ್‌ಮತ್‌ನಲ್ಲಿ. ಅಕ್ಟೋಬರ್‌ನಲ್ಲಿ ಅವನನ್ನು ಗಲ್ಲಿಗೇರಿಸಿದರು. ಅದು ನಿಜವಾದ ಇತಿಹಾಸ, ಕಾದಂಬರಿಯದಲ್ಲ. ಅಂಥ ತಿಂಗಳುಗಳಲ್ಲಿ ಕರಾವಳಿಯ ಊರೊಂದರಲ್ಲಿ ಮಗಳು ಮನೆಗೆ ಬಾರದ ತಂದೆತಾಯಿ ಬೆಳಗಿನ ಪತ್ರಿಕೆಯನ್ನು ಹೇಗೆ ಬಿಡಿಸಿರಬಹುದು? ಯುದ್ಧದಿಂದ ಮರಳಿದ ಗಂಡಂದಿರು, ಬದಲಾದ ಹೆಂಡತಿಯರು, ಮುರಿದ ಮದುವೆಗಳು ಎಲ್ಲೆಲ್ಲೂ. ‘ಎಲ್ಲಿಗೋ ಹೋಗಿರುತ್ತಾಳೆ ಬಿಡಿ’ ಎಂದು ಪೊಲೀಸರು ಹೇಳಿಬಿಡಲು ಬಹಳ ಅನುಕೂಲವಾದ ವರ್ಷ ಅದು.

ನಮ್ಮ ತಾಯಿ ಗ್ಯಾಸ್ ಒಲೆ ಬಂದ ಮೇಲೂ ಇಪ್ಪತ್ತು ವರ್ಷ ಸೀಮೆಎಣ್ಣೆ ಡಬ್ಬ ಖಾಲಿಯಾಗಲು ಬಿಡಲಿಲ್ಲ. ನಾವೂ ನಗುತ್ತಿದ್ದೆವು.

ಸುಳಿವುಗಾರ | ಭಾನುವಾರ, ಮಧ್ಯಾಹ್ನ 1.05

ಮೇಷ್ಟ್ರೇ, ಇದನ್ನು ಪುಸ್ತಕದ ಹಿಂಬದಿಯಲ್ಲಿ ಅಚ್ಚು ಹಾಕಿದ್ದರೆ ನಾನು ನಿಲ್ಲಿಸುತ್ತಿರಲಿಲ್ಲ. ಮತ್ತೆ ಎತ್ತಿಕೊಳ್ಳುತ್ತೇನೆ. ಆದರೆ ಪಡಿತರದ ಕಾರ್ಡು ಸುಳಿವಲ್ಲ ಎಂಬ ನನ್ನ ತಕರಾರು ಹಾಗೆಯೇ ಇದೆ.

ಹೆಬ್ಬಾಗಿಲು | ಭಾನುವಾರ, ರಾತ್ರಿ 11.48

ಅಮ್ಮ ಈಗಷ್ಟೇ ಮಲಗಿದ್ದಾರೆ. ಎರಡು ಗಂಟೆಗೆ ಮತ್ತೆ ಏಳುತ್ತಾರೆ, ಅಷ್ಟರಲ್ಲಿ ಬರೆಯುತ್ತೇನೆ.

ಐದು ವರ್ಷದಿಂದ ಅಮ್ಮನನ್ನು ನೋಡಿಕೊಳ್ಳುತ್ತಿದ್ದೇನೆ. ಈ ಪುಸ್ತಕವನ್ನು ನನಗೆ ಕೊಟ್ಟವರು ‘ಓದು, ನಿನ್ನದೇ ಕಥೆ’ ಎಂದಿದ್ದರು. ನನ್ನ ಕಥೆ ಎಲ್ಲಿದೆ? ಹೆಲನ್‌ಳ ತಲೆಯೊಳಗೆ ಒಂದು ಪುಟವೂ ಹೋಗುವುದಿಲ್ಲ. ಅವಳು ನಿಟ್ಟುಸಿರು ಬಿಡುತ್ತಾಳೆ, ಗದರುತ್ತಾಳೆ, ಕಣ್ಣು ಮೇಲೆ ಮಾಡುತ್ತಾಳೆ, ಅಷ್ಟೇ ನಮಗೆ ಕಾಣುವುದು. ಯಾಕೆಂದರೆ ಹೇಳುತ್ತಿರುವವಳು ಮೌಡ್, ಮೌಡ್‌ಗೆ ಕಾಣುವುದು ಅಷ್ಟೇ. ಹಗಲು ಕೆಲಸ ಮಾಡಿ, ಅಮ್ಮ ಠಾಣೆಯಲ್ಲಿದ್ದಾರೆಂದು ಕರೆ ಬಂದಾಗ ಓಡಿ ಹೋಗಿ, ಅಲ್ಲಿನವರ ಮುಗುಳ್ನಗೆಯನ್ನು ಸಹಿಸಿಕೊಂಡು, ಮನೆಗೆ ತಂದು ಬಿಟ್ಟವಳ ಸುಸ್ತು ಮೌಡ್‌ಳ ಚೀಟಿಯಲ್ಲಿ ಬರುವುದಿಲ್ಲ.

ದೂರದ ಮಗ ಟಾಮ್ ಯಾವಾಗಲೋ ಬರುತ್ತಾನೆ, ಅಮ್ಮನಿಗೆ ಹಬ್ಬ. ದೂರದ ಬೆಟ್ಟ ನುಣ್ಣಗೆ. ನಮ್ಮ ಮನೆಯ ಬೆಟ್ಟವೂ ವರ್ಷಕ್ಕೊಮ್ಮೆ ವಿಮಾನದಲ್ಲಿ ಬಂದಿಳಿಯುತ್ತದೆ, ‘ಅಮ್ಮ ಚೆನ್ನಾಗಿಯೇ ಇದ್ದಾಳಲ್ಲ, ನೀನು ಸುಮ್ಮನೆ ಗಾಬರಿಯಾಗುತ್ತೀಯ’ ಎಂದು ಹೇಳಿ ಹೋಗುತ್ತದೆ.

ನಗುವ ವಿಷಯಕ್ಕೆ ಬಂದರೆ, ಗುಬ್ಬಿಮನೆಯವರೇ, ನಾವು ನಗುತ್ತೇವೆ. ದಿನಾ ನಗುತ್ತೇವೆ. ಮೊನ್ನೆ ಅಮ್ಮ ಟಿವಿಯಲ್ಲಿ ಸುದ್ದಿ ಓದುವವನಿಗೆ ‘ಊಟ ಆಯಿತೇನಪ್ಪ, ಆಗಿನಿಂದ ಒಂದೇ ಸಮನೆ ಮಾತಾಡುತ್ತಿದ್ದೀಯ’ ಎಂದು ಕೇಳಿದರು. ನಾನೂ ನನ್ನ ಮಗಳೂ ನೆಲಕ್ಕೆ ಬಿದ್ದು ನಕ್ಕೆವು, ಅಮ್ಮನೂ ನಕ್ಕರು. ನಗದಿದ್ದರೆ ಆ ಮನೆಯಲ್ಲಿ ಯಾರೂ ಉಳಿಯುವುದಿಲ್ಲ. ಪಾಪ ಪಾಪ ಎನ್ನುವುದು ಬಂದು ಹೋಗುವವರಿಗೆ.

ಒಂದು ಕೇಳಬೇಕಿತ್ತು. ನಿಮ್ಮ ಅಜ್ಜಿ ಕೇಳುವ ಗೌರಿ ಯಾರು?

ಗುಬ್ಬಿಮನೆ | ಸೋಮವಾರ, ಬೆಳಿಗ್ಗೆ 6.50

ಅಜ್ಜಿಯ ತಂಗಿ ಇರಬೇಕು ಎಂದು ಮನೆಯಲ್ಲಿ ಎಲ್ಲರ ಎಣಿಕೆ. ಚಿಕ್ಕಂದಿನಲ್ಲೇ ತೀರಿಕೊಂಡ ತಂಗಿಯೊಬ್ಬರು ಇದ್ದರಂತೆ. ಹೆಸರು ಯಾರಿಗೂ ಗೊತ್ತಿಲ್ಲ.

ನಿಮ್ಮ ಮಾತು ಓದಿ ಬೆಳಿಗ್ಗೆಯೇ ಮನಸ್ಸು ಹಗುರಾಯಿತು. ಅಮ್ಮನಿಗೆ ನನ್ನ ನಮಸ್ಕಾರ ತಿಳಿಸಿ.

ನಿದ್ದೆಗೇಡಿ | ಸೋಮವಾರ, ಬೆಳಿಗ್ಗೆ 7.10

ಇದನ್ನು ಕನ್ನಡಕ್ಕೆ ತರುವುದಾದರೆ ಹೆಸರೇನು ಇಡಬೇಕು ಎಂದು ಯೋಚಿಸುತ್ತಾ ನಿದ್ದೆ ಕೆಟ್ಟೆ.

‘ಎಲಿಜಬೆತ್ ಕಾಣೆಯಾಗಿದ್ದಾಳೆ’ ಎಂದರೆ ಗೋಡೆಗೆ ಅಂಟಿಸಿದ ಪ್ರಕಟಣೆ. ಎತ್ತರ ಐದು ಅಡಿ, ಮನೆ ಬಿಟ್ಟಾಗ ತೊಟ್ಟಿದ್ದ ಬಟ್ಟೆ ಇಂಥದ್ದು, ಸುಳಿವು ಸಿಕ್ಕವರು ಹತ್ತಿರದ ಠಾಣೆಗೆ ತಿಳಿಸಿ. ‘ಎಲಿಜಬೆತ್ ಕಾಣುತ್ತಿಲ್ಲ’ ಎಂದರೆ ಪಕ್ಕದ ಮನೆಯವರು ಕಾಂಪೌಂಡಿನಾಚೆಯಿಂದ ಆಡಿದ ಮಾತು. ಅದರಲ್ಲಿ ಎರಡು ಅರ್ಥ: ಅವಳು ಇಲ್ಲ, ಅಥವಾ ನನ್ನ ಕಣ್ಣಿಗೆ ಬೀಳುತ್ತಿಲ್ಲ. ಮೌಡ್‌ಳದು ಎರಡೂ ಹೌದು. ನನ್ನ ಮತ ಎರಡನೆಯದಕ್ಕೆ.

ಇನ್ನೊಂದು ಕಂಟಕ ಮ್ಯಾರೋ. ಸಿಕ್ಕಸಿಕ್ಕವರನ್ನೆಲ್ಲ ಮೌಡ್ ಕೇಳುತ್ತಾಳಲ್ಲ, ಮ್ಯಾರೋ ನೆಡಲು ಒಳ್ಳೆಯ ಜಾಗ ಯಾವುದು ಎಂದು. ಆ ತರಕಾರಿಗೆ ಏನೆನ್ನೋಣ? ಸೋರೆಕಾಯಿ? ಮಂಗಳೂರು ಸೌತೆ?

ಕಾಫಿ_ಬಟ್ಟಲು | ಸೋಮವಾರ, ಬೆಳಿಗ್ಗೆ 8.02

ಸೀಮೆ ಸೋರೆ. ಪರದೇಶದ್ದಕ್ಕೆಲ್ಲ ಸೀಮೆ ಸೇರಿಸಿದರೆ ಮುಗಿಯಿತು.

ತುಂಗಾತೀರ | ಸೋಮವಾರ, ಬೆಳಿಗ್ಗೆ 9.15

ಅದು ಕುಂಬಳದ ಕುಲದ್ದು, ಸೋರೆಯದಲ್ಲ. ಈಗ ಸೂಪರ್ ಮಾರ್ಕೆಟ್ಟಿನಲ್ಲಿ ಸಿಗುವ ಜುಕೀನಿ ಬಲಿತರೆ ಹೆಚ್ಚುಕಡಿಮೆ ಮ್ಯಾರೋ. ಕುಂಬಳ ಎಂದೇ ಬರೆಯಲಿ. ನಮ್ಮಲ್ಲಿ ಕುಂಬಳಕಾಯಿ ಕಳ್ಳ ಎಂದ ಕೂಡಲೇ ಹೆಗಲು ಮುಟ್ಟಿ ನೋಡಿಕೊಂಡವನೊಬ್ಬ ಇದ್ದಾನೆ. ಅಜ್ಜಿ ಊರೆಲ್ಲ ಕುಂಬಳದ ಮಾತೆತ್ತುತ್ತಾ ತಿರುಗುತ್ತಿದ್ದರೆ ಕನ್ನಡದ ಓದುಗನ ಕಣ್ಣು ತಾನಾಗಿ ಎಲ್ಲರ ಹೆಗಲಿನ ಮೇಲೆ ಹೋಗುತ್ತದೆ. ಮೂಲದಲ್ಲಿ ಇಲ್ಲದ ಲಾಭ, ಪುಕ್ಕಟೆ.

ನಿದ್ದೆಗೇಡಿ | ಸೋಮವಾರ, ಬೆಳಿಗ್ಗೆ 9.20

ಮೇಷ್ಟ್ರಿಗೆ ಸಾಷ್ಟಾಂಗ. ಇವತ್ತು ನಿದ್ದೆ ಬರುತ್ತದೆ.

ರಾತ್ರಿಪಾಳಿ | ಸೋಮವಾರ, ಸಂಜೆ 5.40

ನಾನು ವೈದ್ಯಳಲ್ಲ. ಮರೆವಿನ ಕಾಯಿಲೆಯವರ ವಾರ್ಡಿನಲ್ಲಿ ಹನ್ನೊಂದು ವರ್ಷದಿಂದ ದಾದಿ. ಈ ಲೇಖಕಿ ಹತ್ತಿರದಿಂದ ಕಂಡು ಬರೆದಿದ್ದಾರೆಂದು ಮೂರನೆಯ ಅಧ್ಯಾಯದ ಹೊತ್ತಿಗೆ ಗೊತ್ತಾಯಿತು. ಕಾದಂಬರಿಯ ಬೀಜ ಸಿಕ್ಕಿದ್ದು ತಮ್ಮ ಅಜ್ಜಿಯಿಂದ ಎಂದು ಹೀಲಿಯವರೇ ಹೇಳಿಕೊಂಡಿದ್ದಾರೆ. ಆ ಅಜ್ಜಿಯೂ ಗೆಳತಿ ಕಾಣುತ್ತಿಲ್ಲವೆಂದು ಹೇಳಿದ್ದರಂತೆ, ಗೆಳತಿ ಕ್ಷೇಮವಾಗಿಯೇ ಇದ್ದರು.

ಹೊಸ ನೆನಪು ಮೊದಲು ಹೋಗುತ್ತದೆ, ಹಳೆಯದು ತಡವಾಗಿ ಹೋಗುತ್ತದೆ. ಫ್ರಾನ್ಸಿನ ರಿಬೊ ಎಂಬ ಮನೋವಿಜ್ಞಾನಿ 1881ರಲ್ಲೇ ಬರೆದಿಟ್ಟ ಮಾತು ಇದು. ಆದ್ದರಿಂದ 1946 ಕನ್ನಡಿಯಂತೆ, ಈ ಬೆಳಿಗ್ಗೆ ಮಂಜಿನಂತೆ. ಅದು ಎಲ್ಲರಿಗೂ ಗೊತ್ತು. ಕಡಿಮೆ ಜನರಿಗೆ ಗೊತ್ತಿರುವುದು ಇನ್ನೊಂದಿದೆ. ಅಮೆರಿಕದ ಅಯೋವಾ ವಿಶ್ವವಿದ್ಯಾಲಯದವರು 2014ರಲ್ಲಿ ಅಲ್ಝೈಮರ್ ಇರುವವರಿಗೆ ದುಃಖದ ಮತ್ತು ಸಂತೋಷದ ಚಿತ್ರತುಣುಕುಗಳನ್ನು ತೋರಿಸಿ ನೋಡಿದರು. ಸ್ವಲ್ಪ ಹೊತ್ತಿಗೆ ಏನು ನೋಡಿದೆವೆಂಬುದೇ ಅವರಿಗೆ ಮರೆತಿತ್ತು. ಆದರೆ ದುಃಖ ಹಾಗೆಯೇ ಉಳಿದಿತ್ತು. ಕಾರಣ ಹೋಗಿದೆ, ಸಂಕಟ ಇದೆ.

ಈಗ ಮೌಡ್‌ಳನ್ನು ನೋಡಿ. ಯಾರೋ ಕಳೆದುಹೋಗಿದ್ದಾರೆ ಎಂಬ ಸಂಕಟ ಎಪ್ಪತ್ತು ವರ್ಷದಿಂದ ಕುಳಿತಿದೆ. ಅದಕ್ಕೊಂದು ಹೆಸರು ಬೇಕು. ಕೈಗೆ ಸಿಕ್ಕಿದ್ದು ಎಲಿಜಬೆತ್ ಎಂಬ ಹೆಸರು. ವಾರ್ಡಿನಲ್ಲಿ ಇಂಥದ್ದು ದಿನವೂ ಇದೆ. ‘ಮಗು ಅಳುತ್ತಿದೆ, ಹಾಲು ಕೊಡಬೇಕು, ಬಿಡಿ ನನ್ನನ್ನು’ ಎಂದು ಬಾಗಿಲು ಬಡಿಯುವ ಎಂಬತ್ತೆಂಟರ ಅಜ್ಜಿಗೆ ‘ಇಲ್ಲಿ ಯಾವ ಮಗುವೂ ಇಲ್ಲ’ ಎಂದು ಹೇಳುವುದು ಮೊದಲ ವರ್ಷದ ದಾದಿ. ಐದನೆಯ ವರ್ಷಕ್ಕೆ ಆಕೆ ‘ಮಗುವಿನ ಹೆಸರೇನಮ್ಮ?’ ಎಂದು ಕೇಳುವುದನ್ನು ಕಲಿಯುತ್ತಾಳೆ.

ಸುಳಿವುಗಾರ | ಮಂಗಳವಾರ, ರಾತ್ರಿ 9.30

ಎಚ್ಚರಿಕೆ: ಈ ಬರಹದಲ್ಲಿ ಕೊನೆ ಇದೆ. ಓದದವರು ಹಾರಿಸಿ.

ಮುಗಿಸಿದೆ. ಕಾಫಿ_ಬಟ್ಟಲು ಅವರ ಏಟಿಗೆ ತಲೆಬಾಗುತ್ತೇನೆ. ನಾಕ್ಸನ ಕಟ್ಟಳೆಯನ್ನು ಇಷ್ಟು ನಿಷ್ಠೆಯಿಂದ ಪಾಲಿಸಿದ ಇನ್ನೊಂದು ಪುಸ್ತಕವನ್ನು ನಾನು ಓದಿಲ್ಲ.

ಮೊದಲನೆಯ ಪುಟಗಳಿಗೆ ಮರಳಿ ಹೋಗಿ. ರಾತ್ರಿ, ಎಲಿಜಬೆತ್‌ಳ ತೋಟ, ಮೌಡ್ ಮಣ್ಣಿನಲ್ಲಿ ಏನನ್ನೋ ಹೆಕ್ಕಿದ್ದಾಳೆ: ಹಳೆಯ ಪೌಡರ್ ಡಬ್ಬಿಯ ಮುರಿದ ಅರ್ಧ. ಸೂಕಿಯದು. ಅಂದರೆ ಕೊಲೆಯ ಸಾಕ್ಷಿ ಕಥೆ ಶುರುವಾಗುವ ಮೊದಲೇ ಪತ್ತೇದಾರಳ ಕೈಯಲ್ಲಿತ್ತು, ನಮ್ಮ ಕೈಯಲ್ಲೂ ಇತ್ತು. ಆಮೇಲೆ ಅವಳು ಮರೆತಳು. ನಾವೂ ಮರೆತೆವು. ಅವಳಿಗೆ ಕಾಯಿಲೆ ಇತ್ತು, ನಮಗೇನಾಗಿತ್ತು? ನಾನಂತೂ ‘ಅಜ್ಜಿ ಏನೋ ಕಸ ಹೆಕ್ಕಿದಳು’ ಎಂದು ಪುಟ ತಿರುವಿದ್ದೆ. ಆಗಲೇ ನಾನು ಠಾಣೆಯ ಆ ಪೊಲೀಸನ ಪಕ್ಕದಲ್ಲಿ ಕುರ್ಚಿ ಹಾಕಿಕೊಂಡು ಕುಳಿತಿದ್ದೆ.

ಮ್ಯಾರೋ ಕೂಡ ಬಡಬಡಿಕೆಯಲ್ಲ. ಎಪ್ಪತ್ತು ವರ್ಷದ ಹಿಂದೆ ಹೊಸದಾಗಿ ಕಟ್ಟಿದ ಮನೆಗಳು, ಅಗೆದ ತೋಟಗಳು, ಅಗೆದವರು ಯಾರು, ಆ ಮನೆಗಳಲ್ಲಿ ಒಂದರಲ್ಲಿ ಈಗ ಯಾರಿದ್ದಾರೆ. ಸೂಕಿ ಇದ್ದದ್ದು ಎಲಿಜಬೆತ್‌ಳ ತೋಟದ ಮಣ್ಣಿನಲ್ಲೇ. ಅಜ್ಜಿ ಎಲ್ಲರಿಗೂ ಹೇಳುತ್ತಲೇ ಇದ್ದಳು, ಹೆಸರು ಮಾತ್ರ ತಪ್ಪಿತ್ತು.

‘ನಂಬಲಾಗದ ನಿರೂಪಕ’ ಎಂಬ ಮಾತನ್ನು ಬಳಕೆಗೆ ತಂದವರು ವೇಯ್ನ್ ಬೂತ್ ಎಂಬ ವಿಮರ್ಶಕರು, 1961ರಲ್ಲಿ. ಆ ಚೀಟಿಯನ್ನು ಮೌಡ್‌ಗೆ ಅಂಟಿಸಲು ನನಗೆ ಮನಸ್ಸಿಲ್ಲ. ನಮ್ಮ ವಿವೇಕ ಶಾನಭಾಗರ ‘ಘಾಚರ್ ಘೋಚರ್’ನ ನಿರೂಪಕನನ್ನು ಪಕ್ಕದಲ್ಲಿಟ್ಟು ನೋಡಿ. ಅಲ್ಲಿಯೂ ಒಬ್ಬ ಹೆಣ್ಣು ಎಲ್ಲಿ ಎಂಬ ಪ್ರಶ್ನೆ ಕೊನೆಗೆ ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ, ಅಲ್ಲಿಯೂ ಓದುತ್ತಾ ನಕ್ಕಿರುತ್ತೇವೆ. ಅವನಿಗೆ ಎಲ್ಲವೂ ನೆನಪಿದೆ. ಕಾಫಿ ಹೌಸಿನಲ್ಲಿ ನೆಮ್ಮದಿಯಾಗಿ ಕುಳಿತು, ಹೇಳಬೇಕಾದ್ದನ್ನು ಬಿಟ್ಟು ಉಳಿದದ್ದನ್ನೆಲ್ಲ ಹೇಳುತ್ತಾನೆ. ಮೌಡ್‌ಗೆ ಮುಚ್ಚಿಡುವ ಶಕ್ತಿಯೇ ಇಲ್ಲ. ಇವರಿಬ್ಬರಲ್ಲಿ ಯಾರ ಕೈಗೆ ಮನೆಯ ಕೀಲಿ ಕೊಡುತ್ತೀರಿ?

ಕಾಫಿ_ಬಟ್ಟಲು | ಮಂಗಳವಾರ, ರಾತ್ರಿ 9.44

ಕೀಲಿ ಮೌಡ್‌ಗೆ ಕೊಟ್ಟರೆ ಪೀಚ್ ಡಬ್ಬಿಯೊಳಗೆ ಸಿಗುತ್ತದೆ. ಆದರೂ ಅವಳಿಗೇ ಕೊಡುತ್ತೇನೆ.

ಒಂದು ಸೇರಿಸುತ್ತೇನೆ. 1946ರ ಊರಿನಲ್ಲಿ ಕೊಡೆ ಹಿಡಿದು ತಿರುಗುವ ಒಬ್ಬ ಹುಚ್ಚು ಹೆಂಗಸು ಇದ್ದಾಳೆ. ಊರು ಅವಳನ್ನು ಕಂಡರೆ ದೂರ ಸರಿಯುತ್ತದೆ, ಹುಡುಗಿ ಮೌಡ್ ಹೆದರಿ ಓಡುತ್ತಾಳೆ. ಅವಳಿಗೂ ಏನೋ ಗೊತ್ತಿತ್ತು, ಅವಳ ಮಾತನ್ನೂ ಯಾರೂ ಕೇಳಲಿಲ್ಲ. ಎಪ್ಪತ್ತು ವರ್ಷದ ಮೇಲೆ ಜೇಬಿನ ತುಂಬ ಚೀಟಿ ತುಂಬಿಕೊಂಡು ಬೀದಿಯಲ್ಲಿ ತಿರುಗುವವಳು ಮೌಡ್. ಲೇಖಕಿ ಎಲ್ಲಿಯೂ ಇದನ್ನು ಬೆರಳಿಟ್ಟು ತೋರಿಸುವುದಿಲ್ಲ. ಅದಕ್ಕೇ ನಾನು ಎರಡನೆಯ ಸಲ ಓದುವಾಗ ನಗು ನಿಂತಿತು.

ಹೆಬ್ಬಾಗಿಲು | ಬುಧವಾರ, ರಾತ್ರಿ 12.30

ಸುಳಿವುಗಾರರ ಬರಹ ಚೆನ್ನಾಗಿದೆ, ಆದರೆ ಒಂದು ತಕರಾರು ಇದೆ. ‘ಅಜ್ಜಿ ಹೇಳಿದ್ದು ನಿಜವೇ ಆಗಿತ್ತು’ ಎಂದು ಚಪ್ಪಾಳೆ ತಟ್ಟುವುದು ಓದುಗರಿಗೆ ಸುಲಭ. ನಮ್ಮಮ್ಮ ಕಳೆದ ತಿಂಗಳು ನಾನು ಅವರ ಬಳೆ ಕದ್ದೆನೆಂದು ಇಡೀ ಅಪಾರ್ಟ್‌ಮೆಂಟಿಗೆ ಹೇಳಿದರು. ಬಳೆ ಅಕ್ಕಿ ಡಬ್ಬದಲ್ಲಿತ್ತು. ಅದರ ಹಿಂದೆ ಯಾವ ಹಳೆಯ ಕೊಲೆಯೂ ಇರಲಿಲ್ಲ. ಮೌಡ್ ಕೂಡ ಪೀಟರ್ ತನ್ನ ತಾಯಿಗೆ ಏನೋ ಮಾಡಿದ್ದಾನೆಂದು ಅನುಮಾನಿಸುತ್ತಾಳೆ. ಅವನು ಜಿಪುಣ, ಒರಟ, ಎಲ್ಲ ಸರಿ. ತಾಯಿಗೆ ಪಾರ್ಶ್ವವಾಯು ಬಡಿದು ಆಸ್ಪತ್ರೆಯಲ್ಲಿರುವಾಗ ಅಪರಾತ್ರಿ ಫೋನು ಮಾಡಿ ‘ಅವಳನ್ನು ಏನು ಮಾಡಿದೆ’ ಎಂದು ಕೇಳಿದರೆ ಯಾರು ತಾನೇ ಮೆತ್ತಗೆ ಮಾತಾಡಿಯಾರು?

ಕಾದಂಬರಿಯಲ್ಲಿ ಅಗೆದರೆ ಮೂಳೆ ಸಿಗುತ್ತದೆ. ಮನೆಗಳಲ್ಲಿ ಅಗೆದರೆ ಹೆಚ್ಚಿನ ಸಲ ಮಣ್ಣೇ. ಹಾಗಿದ್ದರೂ ಅಗೆಯಬೇಕಾದವರು ನಾವೇ. ನನಗೆ ಇಷ್ಟವಾದ ಚಿತ್ರ ಅದು: ಕೊನೆಗೆ ಗುದ್ದಲಿ ಹಿಡಿದವಳು ಹೆಲನ್, ಅಷ್ಟು ಹೊತ್ತು ಕಣ್ಣು ಮೇಲೆ ಮಾಡುತ್ತಿದ್ದವಳು. ಲೇಖಕಿ ಅವಳಿಗೆ ಒಂದು ಪುಟ ಕೊಡಲಿಲ್ಲ, ಗುದ್ದಲಿ ಕೊಟ್ಟಳು. ಅಷ್ಟಕ್ಕೆ ಕ್ಷಮಿಸಿದ್ದೇನೆ.

ರಾತ್ರಿಪಾಳಿ | ಬುಧವಾರ, ಬೆಳಿಗ್ಗೆ 7.15

ಹೆಬ್ಬಾಗಿಲು ಅವರೇ, ಅಕ್ಕಿ ಡಬ್ಬದ ಮಾತು ನೂರಕ್ಕೆ ನೂರು. ನಮ್ಮ ವಾರ್ಡಿನಲ್ಲಿ ನಾನೂ ಮೂರು ಸಲ ಕಳ್ಳಿಯಾಗಿದ್ದೇನೆ.

ನಿದ್ದೆಗೇಡಿ | ಬುಧವಾರ, ಬೆಳಿಗ್ಗೆ 10.05

ಯಾರೂ ಪರದೆಯ ಮಾತೆತ್ತಲಿಲ್ಲ. ಬಿಬಿಸಿಯವರು 2019ರಲ್ಲಿ ಇದನ್ನು ಟಿವಿ ಚಿತ್ರ ಮಾಡಿದರು. ಮೌಡ್ ಆಗಿ ಗ್ಲೆಂಡಾ ಜಾಕ್ಸನ್. ಆಸ್ಕರ್ ಗೆದ್ದ ನಟಿ, ನಟನೆ ಬಿಟ್ಟು 1992ರಿಂದ 2015ರವರೆಗೆ ಸಂಸದೆಯಾಗಿದ್ದು, ಎಂಬತ್ತು ದಾಟಿದ ಮೇಲೆ ಈ ಪಾತ್ರಕ್ಕಾಗಿ ಟಿವಿಗೆ ಮರಳಿದವರು. ಬಾಫ್ಟಾ ಪ್ರಶಸ್ತಿಯೂ ಬಂತು. ಅವರ ಮೌಡ್ ಅಳುಬುರುಕಿಯಲ್ಲ, ಸಿಡುಕಿ. ಕೋಪ ಬಂದಾಗ ಮನೆ ಅದುರುತ್ತದೆ.

ಆದರೆ ಪರದೆಯ ಮೇಲೆ ಒಂದು ನಷ್ಟ. ನಾವು ಮೌಡ್‌ಳನ್ನು ಹೊರಗಿನಿಂದ ನೋಡುತ್ತೇವೆ. ಪುಸ್ತಕದಲ್ಲಿ ಕೈಯಲ್ಲಿರುವ ವಸ್ತುವಿನ ಹೆಸರು ಅವಳಿಗೆ ಸಿಗದೆ ತಡಕಾಡುವಾಗ ನಮಗೂ ಅದು ಏನೆಂದು ಗೊತ್ತಾಗುವುದಿಲ್ಲ. ಚಿತ್ರದಲ್ಲಿ ವಸ್ತು ಕಣ್ಣೆದುರೇ ಇರುತ್ತದೆ.

ನಮ್ಮ ‘ಗೋಧಿ ಬಣ್ಣ ಸಾಧಾರಣ ಮೈಕಟ್ಟು’ ನೆನಪಾಯಿತು. 2016ರದು, ಅನಂತ್ ನಾಗ್ ಅವರ ವೆಂಕೋಬ ರಾವ್. ಹೆಸರೇ ಕಾಣೆಯಾದವರ ಪ್ರಕಟಣೆಯಿಂದ ಎತ್ತಿದ್ದು. ಅಲ್ಲಿ ಮರೆತವರು ಕಾಣೆಯಾಗುತ್ತಾರೆ, ನೆನಪಿರುವ ಮಗ ಹುಡುಕುತ್ತಾನೆ. ಇಲ್ಲಿ ನೆನಪಿರುವವರೆಲ್ಲ ಮನೆಯಲ್ಲಿ ಕುಳಿತಿದ್ದಾರೆ, ಮರೆತವಳು ಹುಡುಕುತ್ತಾಳೆ.

ತುಂಗಾತೀರ | ಬುಧವಾರ, ಬೆಳಿಗ್ಗೆ 11.30

ಕೊನೆಯ ಅಧ್ಯಾಯವನ್ನು ಯಾರೂ ಮುಟ್ಟಲಿಲ್ಲವಲ್ಲ. (ಕೊನೆ ಬಯಲಾಗುತ್ತದೆ, ಎಚ್ಚರ.) ಅಷ್ಟೆಲ್ಲ ಬಗೆಹರಿದ ಮೇಲೆ, ಎಲಿಜಬೆತ್‌ಳ ಅಂತ್ಯಸಂಸ್ಕಾರದ ದಿನವೂ ಮೌಡ್‌ಳ ಪ್ರಶ್ನೆ ಬದಲಾಗುವುದಿಲ್ಲ. ಎಪ್ಪತ್ತು ವರ್ಷದ ಗಂಟು ಬಿಚ್ಚಿದ್ದು ಅವಳೇ, ಬಿಚ್ಚಿದೆನೆಂಬ ಸಮಾಧಾನ ಸಿಗದವಳೂ ಅವಳೊಬ್ಬಳೇ. ಅರವತ್ತಕ್ಕೆ ಅರಳು ಮರಳು ಎಂದು ನಾನು ತರಗತಿಯಲ್ಲಿ ಎಷ್ಟೋ ಸಲ ತಮಾಷೆಗೆ ಹೇಳಿದ್ದೇನೆ. ನನಗೀಗ ಎಪ್ಪತ್ತಮೂರು. ಆ ಪುಟ ಓದಿ ಎದ್ದು ಹೋಗಿ ಗೇಟಿಗೆ ಬೀಗ ಹಾಕಿದ್ದೇನೋ ಇಲ್ಲವೋ ಎಂದು ನೋಡಿ ಬಂದೆ. ಹಾಕಿತ್ತು. ಹತ್ತು ನಿಮಿಷ ಬಿಟ್ಟು ಮತ್ತೆ ಹೋಗಿ ನೋಡಿದೆ.

ಗುಬ್ಬಿಮನೆ | ಭಾನುವಾರ, ಸಂಜೆ 6.20

ವಾರ ಕಳೆಯಿತು. ನಿಮಗೆಲ್ಲ ಒಂದು ವರದಿ ಒಪ್ಪಿಸಬೇಕು.

ರಾತ್ರಿಪಾಳಿಯವರು ಹೇಳಿದ ‘ಮಗುವಿನ ಹೆಸರೇನಮ್ಮ’ ತಲೆಯಲ್ಲಿ ಕುಳಿತಿತ್ತು. ಶುಕ್ರವಾರ ಅಜ್ಜಿ ‘ಗೌರಿ ಬಂದಳೇ?’ ಎಂದಾಗ ಪಕ್ಕದಲ್ಲಿ ಕುಳಿತು ‘ಗೌರಿ ಹೇಗಿದ್ದಳು ಅಜ್ಜಿ?’ ಎಂದು ಕೇಳಿದೆ. ನನ್ನನ್ನು ದಡ್ಡಿಯಂತೆ ನೋಡಿದರು. ‘ಹೇಗಿದ್ದಳು ಎಂದರೇನು? ಕಪ್ಪು. ಹಣೆಯಲ್ಲಿ ಬಿಳಿ ಬೊಟ್ಟು. ಒಂದು ಕೊಂಬು ಸ್ವಲ್ಪ ಒಳಗೆ ತಿರುಗಿತ್ತು.’

ಸತ್ತ ತಂಗಿಗಾಗಿ ನಾವು ಎರಡು ವರ್ಷದಿಂದ ಕಣ್ಣೀರು ಹಾಕಿದ್ದೆಲ್ಲ ಹಸುವಿಗೆ.

ಸೋದರತ್ತೆಗೆ ಫೋನು ಮಾಡಿದೆ. ಅತ್ತೆ ಮೊದಲು ನಕ್ಕರು, ಆಮೇಲೆ ಸುಮ್ಮನಾದರು. ಅಜ್ಜಿ ಬಾಣಂತನಕ್ಕೆಂದು ತವರಿಗೆ ಹೋಗಿದ್ದಾಗ ಅಜ್ಜ ಗೌರಿಯನ್ನು ಮಾರಿಬಿಟ್ಟಿದ್ದರಂತೆ. ತವರಿನಿಂದ ತಂದ ಹಸು ಅದು. ಮರಳಿ ಬಂದಾಗ ‘ಮೇಯಲು ಹೋದದ್ದು ಹಿಂತಿರುಗಲಿಲ್ಲ’ ಎಂದು ಹೇಳಿದರಂತೆ. ಅಜ್ಜಿ ತಿಂಗಳುಗಟ್ಟಲೆ ಸಂಜೆ ಗುಡ್ಡದ ಕಡೆ ಹೋಗಿ ಕರೆದು ಬರುತ್ತಿದ್ದರಂತೆ. ಮನೆಯಲ್ಲಿ ಎಲ್ಲರಿಗೂ ಗೊತ್ತಿತ್ತು, ಯಾರೂ ಬಾಯಿ ಬಿಡಲಿಲ್ಲ. ಅಜ್ಜ ತೀರಿಕೊಂಡು ಇಪ್ಪತ್ತು ವರ್ಷವಾದ ಮೇಲೂ ಬಿಡಲಿಲ್ಲ.

ಹೇಳುವುದೋ ಬೇಡವೋ ಎಂದು ಒಂದು ದಿನ ಯೋಚಿಸಿದೆ. ಹೆಬ್ಬಾಗಿಲು ಅವರು ಬೇಡ ಎನ್ನುತ್ತಿದ್ದರೇನೋ. ನಿನ್ನೆ ಸಂಜೆ ಹೇಳಿಬಿಟ್ಟೆ. ‘ಅಜ್ಜಿ, ಗೌರಿಯನ್ನು ಅಜ್ಜ ಮಾರಿದರಂತೆ.’

ಅಜ್ಜಿ ಸ್ವಲ್ಪ ಹೊತ್ತು ಅಂಗಳ ನೋಡುತ್ತಾ ಕುಳಿತಿದ್ದರು. ಆಮೇಲೆ ‘ಎಷ್ಟಕ್ಕೆ?’ ಎಂದರು.

ನನಗೆ ನಗು ತಡೆಯಲಾಗಲಿಲ್ಲ. ಅಜ್ಜಿ ನಗಲಿಲ್ಲ. ಕಾಫಿ ಕುಡಿದು ಲೋಟ ಕೆಳಗಿಟ್ಟು ‘ಗೌರಿ ಬಂದಳೇ?’ ಎಂದು ಕೇಳಿದರು.

ಹೆಬ್ಬಾಗಿಲು | ಭಾನುವಾರ, ರಾತ್ರಿ 11.55

ಬೇಡ ಎನ್ನುತ್ತಿರಲಿಲ್ಲ.

ಸುಳಿವುಗಾರ | ಸೋಮವಾರ, ಬೆಳಿಗ್ಗೆ 7.10

ಎಷ್ಟಕ್ಕೆ ಮಾರಿದರೆಂದು ಸೋದರತ್ತೆಯನ್ನು ಕೇಳಿದಿರಾ?

ಗುಬ್ಬಿಮನೆ | ಸೋಮವಾರ, ಬೆಳಿಗ್ಗೆ 7.32

ಕೇಳಿದೆ. ಅವರಿಗೆ ನೆನಪಿಲ್ಲವಂತೆ.